ಲೇಔಟ್ ಚಂದಾ, ಮೈಕು, ಬಾಡಿಗೆ ಬೋರ್ಡು: ಎಲ್ಲ ಥರದ ಜನ ಇರುವ ಕಡೆ ನೀವು ಹೇಗೆ ಹೊಂದಿಸಿಕೊಂಡಿದ್ದೀರಿ?

ಲೇಔಟ್ ಕಾರ್ಯದರ್ಶಿ, ಚಿಂತಾಮಣಿ

ಎಲ್ಲರಿಗೂ ನಮಸ್ಕಾರ. ಉಪದೇಶ ಬೇಡ, ಅನುಭವ ಬೇಕು. ಅದಕ್ಕೇ ಇಲ್ಲಿ ಕೇಳುತ್ತಿದ್ದೇನೆ.

ನಮ್ಮದು ಚಿಂತಾಮಣಿ ಅಂಚಿನ ಖಾಸಗಿ ಲೇಔಟ್. ಮೊದಲು ಕಡಲೆಕಾಯಿ ಹೊಲ ಆಗಿತ್ತು. ಈಗ ಮೇಷ್ಟ್ರುಗಳು, ಬಸ್ ಡ್ರೈವರ್‌ಗಳು, ಟೊಮೆಟೊ ಮಂಡಿ ರೈಟರ್‌ಗಳು, ರೇಷ್ಮೆ ಗೂಡಿನ ವ್ಯಾಪಾರದವರು, ನರ್ಸುಗಳು ಎಲ್ಲ ಇದ್ದಾರೆ. ಬಲಿಜಿಗರು, ಒಕ್ಕಲಿಗರು, ಮುಸ್ಲಿಮರು, ದಲಿತರು, ಒಂದೆರಡು ಕ್ರಿಶ್ಚಿಯನ್ ಮನೆ, ಒಂದು ಮಾರ್ವಾಡಿ ಮನೆ. ಮನೆಯೊಳಗೆ ತೆಲುಗು, ಉರ್ದು, ತಮಿಳು. ಗೇಟಿನಿಂದ ಆಚೆಗೆ ಕನ್ನಡ. ನಮ್ಮ ಕಡೆ ಇದೇನು ಹೊಸದಲ್ಲ ಬಿಡಿ.

ಸಂಘ ಇದೆ. ಬೋರ್‌ವೆಲ್ ಕರೆಂಟ್ ಬಿಲ್ಲು, ವಾಟರ್‌ಮನ್ ಸಂಬಳ, ಬೀದಿ ದೀಪ ಅಂತ ತಿಂಗಳು ತಿಂಗಳು ಮನೆಗಿಷ್ಟು ವಸೂಲಿ ಮಾಡುತ್ತೇವೆ. ಕಳೆದ ಎರಡು ಗಣೇಶನ ಹಬ್ಬಕ್ಕೂ ಕಡಿಮೆ ಬಿದ್ದ ದುಡ್ಡನ್ನು ಇದೇ ಖಾತೆಯಿಂದ ತೆಗೆದಿದ್ದರು. ಮೊನ್ನೆ ಸಭೆಯಲ್ಲಿ ಒಬ್ಬರು ಎದ್ದು ಕೇಳಿದರು: ‘ದೀಪಕ್ಕೆ ಅಂತ ಕೊಟ್ಟ ದುಡ್ಡು ಪೆಂಡಾಲಿಗೆ ಹೇಗೆ ಹೋಯಿತು?’ ಕೇಳಿದವರು ಮುಸ್ಲಿಮರಲ್ಲ, ಕ್ರಿಶ್ಚಿಯನ್ನರಲ್ಲ. ದಿನಾ ಬೆಳಿಗ್ಗೆ ಪೂಜೆ ಮಾಡಿ, ವಿಭೂತಿ ಇಟ್ಟುಕೊಂಡೇ ಹೊರಗೆ ಬರುವ ನಿವೃತ್ತ ಮೇಷ್ಟ್ರು. ಅಷ್ಟಕ್ಕೇ ವಾಟ್ಸಾಪ್ ಗುಂಪಿನಲ್ಲಿ ‘ಹಬ್ಬ ನಿಲ್ಲಿಸೋಕೆ ನೋಡ್ತಿದ್ದಾರೆ’ ಅಂತ ಶುರುವಾಯಿತು. ಇಬ್ಬರು ಗುಂಪು ಬಿಟ್ಟು ಹೋದರು.

ದುಡ್ಡಿನ ಹಿಂದೆಯೇ ಮೈಕಿನ ಮಾತು ಬಂತು. ಅದರ ಹಿಂದೆ ಒಬ್ಬರು ಗೇಟಿಗೆ ನೇತುಹಾಕಿದ ‘ಸಸ್ಯಾಹಾರಿಗಳಿಗೆ ಮಾತ್ರ’ ಅನ್ನುವ ಬಾಡಿಗೆ ಬೋರ್ಡಿನ ಮಾತು. ಈ ವರ್ಷ ಹಬ್ಬ ಸೆಪ್ಟೆಂಬರ್ 14ಕ್ಕೆ. ಅಷ್ಟರೊಳಗೆ ಏನಾದರೂ ಒಂದು ಕ್ರಮ ಮಾಡಿಕೊಳ್ಳಬೇಕು. ನಿಮ್ಮ ಕಡೆ ಹೇಗೆ ನಡೆಯುತ್ತಿದೆ?

ಕರಿಕೋಟು, ಕೋಲಾರ

ವಕೀಲ ನಾನು, ಕಾನೂನಿನ ಪಾಲು ಹೇಳಿ ಮುಗಿಸುತ್ತೇನೆ.

ಮೊದಲು ದುಡ್ಡು. ನಿಮ್ಮ ಸಂಘ 1960ರ ಕರ್ನಾಟಕ ಸಂಘಗಳ ನೋಂದಣಿ ಕಾಯ್ದೆಯಡಿ ಆಗಿದ್ದರೆ, ನೋಂದಣಿ ಮಾಡುವಾಗ ಉದ್ದೇಶಗಳು ಅಂತ ಒಂದು ಪಟ್ಟಿ ಕೊಟ್ಟಿರುತ್ತೀರಿ. ಖರ್ಚು ಅದಕ್ಕೆ ಹೊಂದಬೇಕು. ಆ ಪಟ್ಟಿಯಲ್ಲಿ ನೀರು, ದೀಪ, ಚರಂಡಿ ಅಂತ ಮಾತ್ರ ಇದ್ದರೆ ಮೇಷ್ಟ್ರು ಕೇಳಿದ್ದು ಸರಿ. ಇದರಲ್ಲಿ ಧರ್ಮದ ಮಾತೇ ಇಲ್ಲ, ಲೆಕ್ಕದ ಮಾತು.

ಮೈಕಿನ ವಿಷಯಕ್ಕೆ 2000ದ ಶಬ್ದ ಮಾಲಿನ್ಯ ನಿಯಮಗಳಿವೆ. ಮೈಕು ಹಾಕಲು ಲಿಖಿತ ಅನುಮತಿ ಬೇಕು. ಜನವಸತಿ ಪ್ರದೇಶದಲ್ಲಿ ಹಗಲು 55 ಡೆಸಿಬಲ್, ರಾತ್ರಿ 45. ರಾತ್ರಿ 10ರಿಂದ ಬೆಳಿಗ್ಗೆ 6ರವರೆಗೆ ಧ್ವನಿವರ್ಧಕ ಹಾಕುವ ಹಾಗಿಲ್ಲ. ಹಬ್ಬಗಳಿಗೆ ವರ್ಷದಲ್ಲಿ ಒಟ್ಟು 15 ದಿನ ಮೀರದಂತೆ ರಾತ್ರಿ 12ರವರೆಗೆ ಸಡಿಲಿಕೆ ಕೊಡುವ ಅಧಿಕಾರ ರಾಜ್ಯ ಸರ್ಕಾರಕ್ಕಿದೆ, ನಿಮ್ಮ ಏರಿಯಾ ಮುಖಂಡರಿಗಲ್ಲ. ಮಸೀದಿ, ಪೆಂಡಾಲು, ಚರ್ಚು, ಮದುವೆ ಮನೆ ಎಲ್ಲದಕ್ಕೂ ಇದೇ ನಿಯಮ. ಚುನಾವಣೆ ಭಾಷಣಕ್ಕೂ. 55 ಡೆಸಿಬಲ್ ಅಂದರೆ ಇಬ್ಬರು ಸಮಾಧಾನವಾಗಿ ಮಾತಾಡುವಷ್ಟು ಸದ್ದು. ಅಂದರೆ ನಮ್ಮ ಊರುಗಳಲ್ಲಿ ಯಾವ ಹಬ್ಬವೂ ಈ ಮಿತಿಯೊಳಗೆ ನಡೆಯಲ್ಲ.

ಬಾಡಿಗೆ ಕಥೆ ಬೇರೆ. ಸಂವಿಧಾನದ 15ನೇ ವಿಧಿ ಮುಖ್ಯವಾಗಿ ಸರ್ಕಾರವನ್ನು ಕಟ್ಟಿಹಾಕುತ್ತದೆ. ಅಂಗಡಿ, ಹೋಟೆಲು, ಬಾವಿ, ಕೆರೆ ಇವುಗಳ ಮಾತೂ ಅದರಲ್ಲಿದೆ. ಖಾಸಗಿ ಮನೆ ಬಾಡಿಗೆ ಇಲ್ಲ. 2005ರಲ್ಲಿ ಪಾರ್ಸಿಗಳ ಗೃಹ ನಿರ್ಮಾಣ ಸಹಕಾರ ಸಂಘವೊಂದರ ಕೇಸಿನಲ್ಲಿ, ಸದಸ್ಯತ್ವವನ್ನು ಒಂದೇ ಸಮುದಾಯಕ್ಕೆ ಇಟ್ಟುಕೊಳ್ಳಬಹುದು ಅಂತ ಸುಪ್ರೀಂ ಕೋರ್ಟೇ ಹೇಳಿದೆ. ಆದರೆ ಅಸ್ಪೃಶ್ಯತೆಯ ಕಾರಣಕ್ಕೆ ವಾಸಕ್ಕೆ ಅಡ್ಡಿ ಮಾಡಿದರೆ 1955ರ ನಾಗರಿಕ ಹಕ್ಕುಗಳ ರಕ್ಷಣಾ ಕಾಯ್ದೆ ಪ್ರಕಾರ ಅಪರಾಧ. ಆದ್ದರಿಂದಲೇ ಯಾರೂ ಜಾತಿ ಹೆಸರು ಬರೆಯಲ್ಲ, ಊಟದ ಹೆಸರು ಬರೆಯುತ್ತಾರೆ.

ನೇರ ಮಾತು, ಗೌರಿಬಿದನೂರು

ವರ್ಷಕ್ಕೊಂದು ಗಣೇಶನ ಹಬ್ಬಕ್ಕೆ ಇಷ್ಟೊಂದು ಕಾನೂನು. ದಿನಕ್ಕೆ ಐದು ಸಲ ಕೂಗುವುದಕ್ಕೆ ಯಾವ ಕಾನೂನೂ ಇಲ್ವಾ? ಯಾವಾಗಲೂ ನಾವೇ ಯಾಕೆ ಹೊಂದಿಕೊಳ್ಳಬೇಕು?

ರೀಲರ್ ಮಗ, ಶಿಡ್ಲಘಟ್ಟ

ನೇರ ಮಾತು ಅವರೇ, ಅದೇ ಕಾನೂನು ಅಣ್ಣ. 2022ರಲ್ಲಿ ಸರ್ಕಾರ ಧ್ವನಿವರ್ಧಕದ ಸುತ್ತೋಲೆ ಹೊರಡಿಸಿದ ಮೇಲೆ ನಮ್ಮ ಮೊಹಲ್ಲಾ ಮಸೀದಿಯಲ್ಲಿ ಬೆಳಗಿನ ಫಜರ್ ಆಜಾನಿಗೆ ಹೊರಗಿನ ಮೈಕು ಹಾಕುತ್ತಿಲ್ಲ. ನಮ್ಮಜ್ಜಿ ಎರಡು ತಿಂಗಳು ಬೈದರು. ಈಗ ಮೊಬೈಲ್‌ನಲ್ಲಿ ಅಲಾರಂ ಇಟ್ಟುಕೊಳ್ಳುತ್ತಾರೆ.

ಕಾರ್ಯದರ್ಶಿ ಅಣ್ಣ ಅನುಭವ ಕೇಳಿದ್ದಾರೆ, ಹೇಳುತ್ತೇನೆ. ನಮ್ಮೂರಲ್ಲಿ ಹೊಂದಾಣಿಕೆ ಅಂತ ಏನಾದರೂ ಇದ್ದರೆ ಅದು ಇರುವುದು ಗೂಡು ಮಾರುಕಟ್ಟೆಯಲ್ಲಿ. ಬೆಳೆಯುವವರು ಬಹುತೇಕ ಹಿಂದೂ ರೈತರು. ನೂಲು ಬಿಚ್ಚುವ ನಾವು ಬಹುತೇಕ ಮುಸ್ಲಿಮರು. ಇಬ್ಬರಿಗೂ ಬೇರೆ ದಾರಿ ಇಲ್ಲ. ಹುಳ ನಾಲ್ಕು ಜ್ವರ (ಪೊರೆ ಬಿಡುವ ಹಂತ) ಎದ್ದು ಹಣ್ಣಾಗುವುದಕ್ಕೆ ಸುಮಾರು 25 ದಿನ. ಚಂದ್ರಂಕಿಗೆ (ಹುಳ ಗೂಡು ಕಟ್ಟುವ ತಟ್ಟೆಗೆ) ಬಿಟ್ಟ ಮೇಲೆ ಗೂಡು ಕಟ್ಟಲು ಮೂರು ದಿನ, ಬಿಡಿಸಿ ಮಾರ್ಕೆಟ್ಟಿಗೆ ತರುವುದಕ್ಕೆ ಇನ್ನೆರಡು ಮೂರು ದಿನ. ಆಮೇಲೆ ತಡ ಮಾಡಿದರೆ ಒಳಗಿನ ಚಿಟ್ಟೆ ಗೂಡು ತೂತು ಮಾಡಿಕೊಂಡು ಹೊರಗೆ ಬರುತ್ತದೆ. ತೂತಾದ ಗೂಡಿನಲ್ಲಿ ಉದ್ದ ನೂಲು ಬರಲ್ಲ, ರೈತನ ಶ್ರಮ ಎಲ್ಲ ನೀರಲ್ಲಿ ಹೋಮ.

ಅದಕ್ಕೇ ಚಾಕಿ (ಮರಿ ಹುಳ) ತರುವ ಮೊದಲೇ ರೈತರು ನಮ್ಮ ಹಬ್ಬದ ಲೆಕ್ಕ ಹಾಕುತ್ತಾರೆ. ಬಕ್ರೀದಿಗೆ ನೂಲು ಬಿಚ್ಚುವ ಬೇಸಿನ್ ನಿಲ್ಲುತ್ತದೆ, ಕೂಲಿಯವರು ಬರಲ್ಲ, ಹರಾಜಿನಲ್ಲಿ ಕೂಗುವವರು ಕಡಿಮೆ, ರೇಟು ಇಳಿಯುತ್ತದೆ. ‘ಚಂದ್ರ ಕಾಣಿಸ್ತಾ ಭಾಯ್?’ ಅಂತ ಮೇಲೂರು ಕಡೆಯಿಂದ ಅಬ್ಬಾಗೆ ಫೋನ್ ಬರುತ್ತದೆ. ನಮ್ಮ ಬಂಧುಗಳು ಅಷ್ಟು ಆಸಕ್ತಿಯಿಂದ ಕೇಳಲ್ಲ! ಹಾಗೇ ಯುಗಾದಿ, ದೀಪಾವಳಿ ಹೊತ್ತಿಗೆ ಗೂಡು ಕಡಿಮೆ ಬರುತ್ತದೆ ಅಂತ ನಾವೂ ಮುಂಚೆಯೇ ಕೊಂಡು ಇಟ್ಟುಕೊಳ್ಳುತ್ತೇವೆ. 2022ರಲ್ಲಿ ಹಲಾಲ್, ಜಾತ್ರೆ ಅಂಗಡಿ ಅಂತ ರಾಜ್ಯದ ತುಂಬ ‘ವ್ಯಾಪಾರ ಮಾಡಬೇಡಿ’ ಅನ್ನುವ ಮೆಸೇಜು ಓಡಾಡಿತಲ್ಲ, ಆಗಲೂ ನಮ್ಮ ಹತ್ತಿರ ಬರುತ್ತಿದ್ದ ರೈತರು ಬಂದರು. ಒಬ್ಬರು ಆ ಮೆಸೇಜನ್ನು ನಮ್ಮಪ್ಪನಿಗೇ ತೋರಿಸಿ, ನಕ್ಕು, ಲಾಟಿನ ತೂಕ ಬರೆಸಿಕೊಂಡು ಹೋದರು.

ಆದರೆ ಒಂದು ಮಾತು. ವ್ಯಾಪಾರ ಚೆನ್ನಾಗಿದೆ ಅಂದ ಮಾತ್ರಕ್ಕೆ ಮನೆ ಸಿಗಲ್ಲ. ಕೆಲಸಕ್ಕೆ ಅಂತ ಪಕ್ಕದ ಊರಲ್ಲಿ ಬಾಡಿಗೆ ಮನೆ ಹುಡುಕಿದೆ. ಫೋನಿನಲ್ಲಿ ನನ್ನ ಕನ್ನಡ ಕೇಳಿ ಅಡ್ವಾನ್ಸ್ ಎಷ್ಟು, ಗಾಡಿ ಎಲ್ಲಿ ನಿಲ್ಲಿಸಬೇಕು, ಸಂಪು ಎಷ್ಟು ದೊಡ್ಡದು ಎಲ್ಲ ಹೇಳಿದರು. ಭಾನುವಾರ ಹಾಲು ಉಕ್ಕಿಸಿಬಿಡಿ ಅಂದರು. ಕೊನೆಗೆ, ‘ಹೆಸರೇನಪ್ಪ, ಬರ್ಕೊಳ್ತೀನಿ’. ಹೇಳಿದೆ. ಸ್ವಲ್ಪ ಹೊತ್ತು ಸುಮ್ಮನಿದ್ದು ‘ಮನೆಯವರನ್ನ ಒಂದ್ಮಾತು ಕೇಳಿ ಹೇಳ್ತೀನಿ’ ಅಂದರು. ಆಮೇಲೆ ಫೋನ್ ಎತ್ತಲೇ ಇಲ್ಲ. ಸಿಟ್ಟು ಬರಲಿಲ್ಲ ಅಂದರೆ ಸುಳ್ಳು.

ಮನೆ ಮಾಲೀಕ, ಚಿಕ್ಕಬಳ್ಳಾಪುರ

ಎಲ್ಲರೂ ಮಾಲೀಕರನ್ನು ಬೈಯುತ್ತೀರಿ, ನಮ್ಮ ಕಡೆಯದೂ ಕೇಳಿ. ಕೆಳಗಡೆ ನಾವು, ಮೇಲೆ ಬಾಡಿಗೆ. ನಮ್ಮ ತಾಯಿಗೆ ಮಡಿ ಜಾಸ್ತಿ. ಮೇಲಿನ ಅಡುಗೆಮನೆ ಕಿಟಕಿ ಸರಿಯಾಗಿ ನಮ್ಮ ದೇವರ ಮನೆ ಮೇಲೆ ಬರುತ್ತದೆ. ಮೀನು ಹುರಿದರೆ ಅವರು ಅವತ್ತು ಊಟ ಮಾಡಲ್ಲ. ಇದು ದ್ವೇಷ ಅಲ್ಲ ಸ್ವಾಮಿ. ಸಾಲ ಮಾಡಿ ಕಟ್ಟಿದ ಮನೆಯಲ್ಲಿ ಯಾರಿಗೆ ಕೊಡಬೇಕು ಅನ್ನುವಷ್ಟೂ ಹಕ್ಕಿಲ್ವಾ?

ರೀಲರ್ ಮಗ, ಶಿಡ್ಲಘಟ್ಟ

ಸರ್, ಅಮ್ಮನವರ ವಿಷಯ ಅರ್ಥ ಆಗುತ್ತದೆ. ಒಂದೇ ಪ್ರಶ್ನೆ. ನಾನು ಮನೆಯಲ್ಲಿ ಮಾಂಸ ಬೇಯಿಸಲ್ಲ ಅಂತ ಬರೆದುಕೊಟ್ಟರೆ ಕೊಡುತ್ತೀರಾ? ಮತ್ತೆ, ಇವತ್ತು ನಿಮ್ಮ ಮೇಲಿನ ಮನೆಯಲ್ಲಿರುವವರು ಭಾನುವಾರ ನಾಟಿಕೋಳಿ ಮಾಡಲ್ವಾ?

ಮನೆ ಮಾಲೀಕ, ಚಿಕ್ಕಬಳ್ಳಾಪುರ

ಈಗಿರುವವರು ಗೌಡರು. ಮಾಡುತ್ತಾರೆ. ಹಬ್ಬದ ದಿನ, ಶ್ರಾವಣದಲ್ಲಿ ಮಾಡಲ್ಲ. ನಿಮ್ಮ ಮೊದಲನೇ ಪ್ರಶ್ನೆಗೆ ತಾಯಿಯನ್ನು ಕೇಳದೆ ಹೂಂ ಅನ್ನೋಕಾಗಲ್ಲ. ಸುಳ್ಳು ಹೇಳೋದೂ ಬೇಡ.

ಕಿರಾಣಿ ಅಂಗಡಿ, ಚಿಂತಾಮಣಿ

ಭಾನುವಾರ ಬೆಳಿಗ್ಗೆ ನಮ್ಮೂರಲ್ಲಿ ಮಟನ್ ಅಂಗಡಿ ಮುಂದೆ ನಿಲ್ಲೋಕೆ ಜಾಗ ಇರಲ್ಲ. ಅದೇ ಬೀದಿಯಲ್ಲಿ ‘ಸಸ್ಯಾಹಾರಿಗಳಿಗೆ ಮಾತ್ರ’ ಬೋರ್ಡು. ಆ ಬೋರ್ಡು ಹಾಕಿದವರು ನಮ್ಮ ಅಂಗಡಿಯಲ್ಲಿ ತಿಂಗಳ ಸಾಮಾನಿನ ಜೊತೆ ಚಿಕನ್ ಮಸಾಲ ಪೊಟ್ಟಣ ಒಯ್ಯುತ್ತಾರೆ. ನಾನು ವ್ಯಾಪಾರಿ, ಬಾಯಿ ಬಿಡಲ್ಲ.

ನೀಲಿ ಬಾವುಟ, ಮಾಲೂರು

ಇಷ್ಟು ಹೊತ್ತು ಓದಿದೆ. ಎಲ್ಲರೂ ಹಿಂದೂ, ಮುಸ್ಲಿಂ ಅಂತಲೇ ಮಾತಾಡುತ್ತಿದ್ದೀರಿ. ಅದೂ ಬೇಕು. ಆದರೆ ಕಾರ್ಯದರ್ಶಿಗಳೇ, ನಿಮ್ಮ ಲೇಔಟಿನಲ್ಲಿ ದಲಿತರೂ ಇದ್ದಾರೆ ಅಂತ ನೀವೇ ಬರೆದಿರಿ. ಗಣೇಶ ಸಮಿತಿಯಲ್ಲಿ ಅವರು ಎಷ್ಟು ಜನ ಇದ್ದಾರೆ? ಚಂದಾ ಕೊಡುವವರ ಪಟ್ಟಿ ಅಲ್ಲ ನಾನು ಕೇಳುತ್ತಿರುವುದು. ಪ್ರಸಾದದ ಸೌಟು ಹಿಡಿಯುವವರ ಪಟ್ಟಿ.

ನೀವಿರುವುದು ಚಿಂತಾಮಣಿ. ನಿಮ್ಮ ತಾಲ್ಲೂಕಿನ ಕಂಬಾಲಪಲ್ಲಿಯಲ್ಲಿ 2000ದ ಮಾರ್ಚ್ 11ರಂದು ಏಳು ದಲಿತರನ್ನು ಮನೆಯೊಳಗೆ ಸುಟ್ಟು ಕೊಂದರು. 2006ರಲ್ಲಿ ಕೆಳ ನ್ಯಾಯಾಲಯ ಆರೋಪಿಗಳನ್ನು ಬಿಡುಗಡೆ ಮಾಡಿತು. 2014ರಲ್ಲಿ ಹೈಕೋರ್ಟ್ ಅದನ್ನೇ ಎತ್ತಿಹಿಡಿಯಿತು. ಏಳು ಜನ ಸತ್ತಿದ್ದು ನಿಜ, ಕೊಂದವರು ಯಾರೂ ಇಲ್ಲ. ನಮ್ಮ ಮಾಲೂರು ತಾಲ್ಲೂಕಿನ ಉಳ್ಳೇರಹಳ್ಳಿಯಲ್ಲಿ 2022ರಲ್ಲಿ ದಲಿತ ಹುಡುಗ ಒಬ್ಬ ಉತ್ಸವದ ದೇವರ ಕೋಲು ಮುಟ್ಟಿದ ಅಂತ ಮನೆಯವರಿಗೆ 60,000 ರೂಪಾಯಿ ದಂಡ ಹಾಕಿದರು. ಆ ಊರಿನವರೂ ಕೇಳಿದರೆ ‘ನಾವೆಲ್ಲ ಅಣ್ಣ ತಮ್ಮಂದಿರ ಹಾಗಿದ್ದೀವಿ’ ಅಂತಲೇ ಹೇಳುತ್ತಿದ್ದರು, ಹಿಂದಿನ ದಿನದವರೆಗೂ.

ರೀಲರ್ ಭಾಯ್ ಹೇಳಿದ ಫೋನಿನ ಕಥೆ ನಮ್ಮ ಮನೆಗಳಲ್ಲೂ ಇದೆ. ಒಂದೇ ವ್ಯತ್ಯಾಸ. ನಮ್ಮ ಹೆಸರು ಕೇಳಿದರೆ ಗೊತ್ತಾಗಲ್ಲ. ಅದಕ್ಕೆ ‘ಊರಲ್ಲಿ ನಿಮ್ಮ ಮನೆ ಯಾವ ಕಡೆ ಬರುತ್ತೆ?’ ಅಂತ ಕೇಳುತ್ತಾರೆ.

ಲೈನ್ ಮನೆ ಹುಡುಗಿ, ಕೆಜಿಎಫ್

ನೀಲಿ ಬಾವುಟ ಅಣ್ಣ ಹೇಳಿದ್ದಕ್ಕೆ ನಮ್ಮೂರೇ ಸಾಕ್ಷಿ. ಕೆಜಿಎಫ್ ಅಂದರೆ ಎಲ್ಲರೂ ‘ಮಿನಿ ಇಂಡಿಯಾ, ಲಿಟಲ್ ಇಂಗ್ಲೆಂಡ್’ ಅಂತ ಹೊಗಳುತ್ತಾರೆ. ಚಿನ್ನದ ಗಣಿ ನಡೆಸೋಕೆ ಜಾನ್ ಟೇಲರ್ ಕಂಪನಿ 1880ರಲ್ಲಿ ಬಂತು. 1902ರಲ್ಲಿ ಶಿವನಸಮುದ್ರದಿಂದ ಇಲ್ಲಿಗೆ ಕರೆಂಟು ಬಂತು, ಬೆಂಗಳೂರಿಗಿಂತ ಮೊದಲು. ಎಲ್ಲ ದೇಶದವರೂ, ಎಲ್ಲ ಭಾಷೆಯವರೂ ಇದ್ದರು ನಿಜ. ಆದರೆ ಹೇಗಿದ್ದರು? ಇಂಗ್ಲಿಷರಿಗೆ ತೋಟದ ಬಂಗಲೆ, ಕ್ಲಬ್ಬು. ಆಂಗ್ಲೋ ಇಂಡಿಯನ್ನರಿಗೆ ಅದಕ್ಕಿಂತ ಕೆಳಗಿನ ಕ್ವಾರ್ಟರ್ಸ್. ಗಣಿಯ ತಳಕ್ಕೆ ಇಳಿಯುತ್ತಿದ್ದ ನಮ್ಮ ತಾತಂದಿರಿಗೆ, ಬಹುತೇಕ ತಮಿಳು ಮಾತಾಡುವ ದಲಿತರಿಗೆ, ಲೈನ್ ಮನೆ. ಒಂದು ಕೋಣೆ, ಬೀದಿಯ ನಲ್ಲಿ. ಎಲ್ಲರೂ ಒಂದೇ ಊರಲ್ಲಿದ್ದರು, ಅಷ್ಟೇ.

ಆದರೂ ಲೈನ್ ಒಳಗೆ ಬೇರೆಯೇ ಬದುಕಿತ್ತು. ಸೆಪ್ಟೆಂಬರ್ 8 ಮಾತೆ ಮರಿಯಮ್ಮನ ಹಬ್ಬ. ಹಿಂದೂ ಮನೆಯ ಹೆಂಗಸರೂ ಕಾವಿ ಸೀರೆ ಉಟ್ಟು ಉಪವಾಸ ಇರುತ್ತಿದ್ದರು. ಮಾರಿಯಮ್ಮನ ಹಬ್ಬಕ್ಕೆ ಕ್ರಿಶ್ಚಿಯನ್ ಮನೆಯವರು ಕೂಳು, ಅಂದರೆ ಗಂಜಿ, ಹಂಚುತ್ತಿದ್ದರು. ಗೋಡೆಗೆ ಗೋಡೆ ಅಂಟಿದ ಮನೆ, ಯಾರ ಮನೆಯಲ್ಲಿ ಏನು ಬೇಯುತ್ತಿದೆ ಅಂತ ಮುಚ್ಚಿಡೋಕೆ ಆಗುತ್ತಿರಲಿಲ್ಲ. ವಾಸನೆ ಬಂತು ಅಂತ ಜಗಳ ಆಡಿದವರನ್ನು ನಾನು ನೋಡಿಲ್ಲ. ನಲ್ಲಿ ನೀರಿಗೆ ಮಾತ್ರ ದಿನಾ ಜಗಳ!

2001ರ ಫೆಬ್ರವರಿ 28ಕ್ಕೆ ಗಣಿ ಮುಚ್ಚಿತು. ಈಗ ಮಾರಿಕುಪ್ಪಂನಿಂದ ಬೆಳಗಿನ ಟ್ರೈನು ಹಿಡಿದು ಬೆಂಗಳೂರಿಗೆ ಹೋಗುವವರೇ ಎಲ್ಲ. ಅಲ್ಲಿ ಬಾಡಿಗೆ ಮನೆ ಮಾಡೋಣ ಅಂದರೆ ಕೇಳುವ ಮೊದಲ ಪ್ರಶ್ನೆ, ‘ತಮಿಳಾ?’ ನಾಲ್ಕು ತಲೆಮಾರಿಂದ ಕರ್ನಾಟಕದಲ್ಲಿದ್ದೇವೆ. ನನ್ನ ಕನ್ನಡ ಇಲ್ಲೇ ಓದುತ್ತಿದ್ದೀರಲ್ಲ, ಹೇಗಿದೆ?

ಬಾಗೇಪಲ್ಲಿ ಬಾವ

ನನ್ನ ಕನ್ನಡಕ್ಕಿಂತ ಚೆನ್ನಾಗಿದೆ ತಂಗಿ. ನಾವು ಮನೆಯಲ್ಲಿ ತೆಲುಗು, ವೇದಿಕೆಯಲ್ಲಿ ಕನ್ನಡ, ಸಿಟ್ಟು ಬಂದಾಗ ಎರಡೂ.

ಶಿರಾ ಸೀಮೆ, ತುಮಕೂರು ಜಿಲ್ಲೆ

ನಮ್ಮ ಕಡೆ ಬಾಬಯ್ಯನ ಹಬ್ಬ ಗೊತ್ತಿರಬೇಕಲ್ಲ, ಮೊಹರಂ. ನಮ್ಮ ಹಳ್ಳಿಯಲ್ಲಿ ಒಂದೂ ಮುಸ್ಲಿಂ ಮನೆ ಇಲ್ಲ. ಆದರೂ ಬಾಬಯ್ಯನ ಗುಡಿ ಇದೆ. ಹಬ್ಬದ ಹೊತ್ತಿಗೆ ಪೆಟ್ಟಿಗೆಯಿಂದ ಪಂಜಾ (ಲೋಹದ ಹಸ್ತ) ತೆಗೆದು, ಹುಣಸೆಹಣ್ಣು ಹಾಕಿ ತಿಕ್ಕಿ, ಬಣ್ಣದ ಬಟ್ಟೆ ಕಟ್ಟಿ ನಿಲ್ಲಿಸುತ್ತಾರೆ. ಸಕ್ಕರೆ ಮುಂದಿಟ್ಟು ಪ್ರಾರ್ಥನೆ ಓದಿಸೋಕೆ ಪಕ್ಕದ ಊರಿಂದ ಸಾಬರನ್ನು ಕರೆಸುತ್ತಾರೆ. ಹರಕೆ ಹೊತ್ತ ಹುಡುಗರು ಹುಲಿವೇಷ ಹಾಕುತ್ತಾರೆ, ರಾತ್ರಿ ಕೊಂಡ ಹಾಯುತ್ತಾರೆ. ಅಲ್ಲಿ ಕೊಂಡ ತೋಡುವ ಮನೆ, ಕಟ್ಟಿಗೆ ತರುವ ಮನೆ, ತಮಟೆ ಮನೆ ಎಲ್ಲ ಗೊತ್ತು ಮಾಡಿದ್ದು. ಯಾರೂ ಇದನ್ನು ಸೌಹಾರ್ದ ಅಂತ ಕರೆಯುತ್ತಿರಲಿಲ್ಲ. ಹಬ್ಬ, ಅಷ್ಟೇ.

ನಮ್ಮ ಶಿರಾ ಒಂದು ಕಾಲಕ್ಕೆ ಮೊಗಲರ ಸುಬಾದ ರಾಜಧಾನಿ. ಮಲಿಕ್ ರಿಹಾನ್ ದರ್ಗಾಕ್ಕೆ ಈಗಲೂ ಎಲ್ಲ ಜಾತಿಯವರೂ ಹೋಗುತ್ತಾರೆ. ಕಾರ್ಯದರ್ಶಿಗಳೇ, ನಿಮ್ಮ ತಾಲ್ಲೂಕಿನಲ್ಲೇ ಮುರುಗಮಲ್ಲ ಇದೆಯಲ್ಲ. ಅಮ್ಮಾಜಾನ್ ಬಾವಾಜಾನ್ ದರ್ಗಾಕ್ಕೆ ಮೈ ಹುಷಾರಿಲ್ಲ, ಗಾಳಿ ಸೋಕಿದೆ ಅಂತ ಎಲ್ಲೆಲ್ಲಿಂದಲೋ ಹಿಂದೂಗಳು ಬರುತ್ತಾರೆ. ಮೇಲೆ ಮುಕ್ತೀಶ್ವರನ ಗುಡಿ. ಅಲ್ಲಿ ಇಲ್ಲಿ ಎರಡೂ ಕಡೆ ಕಾಯಿ ಒಡೆಸಿಕೊಂಡು ಬರುವವರನ್ನು ನೋಡಿದ್ದೇನೆ. ಅಂಥವುಗಳಿಂದ ಶುರು ಮಾಡಿದರೆ ಜಗಳ ತಾನಾಗೇ ಕಡಿಮೆ ಆಗುತ್ತದೆ ಅಂತ ನನ್ನ ಅಭಿಪ್ರಾಯ.

ನೀಲಿ ಬಾವುಟ, ಮಾಲೂರು

ಅಣ್ಣ, ಬಾಬಯ್ಯನ ಹಬ್ಬ ನನಗೂ ಇಷ್ಟ. ತಮಟೆ ಹೊಡೆಯುವ ಮನೆ ನಮ್ಮದೇ. ಆದರೆ ‘ಎಲ್ಲ ಗೊತ್ತು ಮಾಡಿದ್ದು’ ಅಂದಿರಲ್ಲ, ಅದನ್ನು ಗೊತ್ತು ಮಾಡಿದ್ದು ಯಾರು? ತಮಟೆ ಮನೆಯವರು ಪಂಜಾ ಹಿಡಿಯಬಹುದಾ ಅಂತ ನಿಮ್ಮ ಊರಲ್ಲಿ ಕೇಳಿ ನೋಡಿ. ಹಬ್ಬ ವರ್ಷಕ್ಕೊಂದು ದಿನ, ಬಾಡಿಗೆ ತಿಂಗಳು ತಿಂಗಳು ಕೊಡಬೇಕು.

ಶಿರಾ ಸೀಮೆ, ತುಮಕೂರು ಜಿಲ್ಲೆ

ಕೇಳುತ್ತೇನೆ. ನಿಜ ಹೇಳಬೇಕೆಂದರೆ ಈಗ ಹಬ್ಬವೇ ಇಳಿದುಹೋಗಿದೆ. ಓದಿದ ಹುಡುಗರು ‘ಇದು ನಮ್ಮದಲ್ಲ’ ಅನ್ನುತ್ತಾರೆ. ಓದಿಸೋಕೆ ಬರುತ್ತಿದ್ದ ಸಾಬರ ಮಗನೂ ಅದೇ ಅನ್ನುತ್ತಾನೆ.

ಕರಿಕೋಟು, ಕೋಲಾರ

ಜಾತ್ರೆ ಮಾತು ಬಂದಿದ್ದಕ್ಕೆ ಒಂದು ಸಾಲು. ದೇವಸ್ಥಾನದ ಹತ್ತಿರದ ಜಾಗ, ಕಟ್ಟಡ ಹಿಂದೂಯೇತರರಿಗೆ ಗುತ್ತಿಗೆ ಕೊಡಬಾರದು ಅನ್ನುವುದು 2002ರ ಮುಜರಾಯಿ ನಿಯಮಗಳಲ್ಲೇ ಇದೆ. 2022ರಲ್ಲಿ ಅದೇ ಮಾತು ಹಿಡಿದು ಗಲಾಟೆ ಆಯಿತು. ಇಪ್ಪತ್ತು ವರ್ಷ ಆ ನಿಯಮ ಪುಸ್ತಕದಲ್ಲಿ ಮಲಗಿತ್ತು, ಬಳೆ ಅಂಗಡಿ ಸಾಬರು ಜಾತ್ರೆಯಲ್ಲಿ ಬಳೆ ತೊಡಿಸುತ್ತಿದ್ದರು. ಹೀಗೆ ಮಲಗಿರುವ ನಿಯಮ ಎಬ್ಬಿಸುವುದಕ್ಕೆ ಒಬ್ಬ ಸಾಕು.

ಕೈವಾರದ ಪಕ್ಕದವಳು

ಬಳೆ ಅಂದಿರಿ, ನಮ್ಮ ಕೈವಾರದ ಸಂತ ತಾತಯ್ಯನವರೂ ಮೊದಲು ಬಳೆ ಮಾರುತ್ತಿದ್ದವರೇ. ಅವರ ತೆಲುಗು ತತ್ವಪದ ಹಾಡುವ ನಮ್ಮ ಭಜನೆ ಮಂಡಳಿಯಲ್ಲಿ ಅರ್ಧ ಜನಕ್ಕೆ ತೆಲುಗು ಓದೋಕೆ ಬರಲ್ಲ. ಕನ್ನಡ ಅಕ್ಷರದಲ್ಲಿ ಬರೆದುಕೊಂಡು ಹಾಡುತ್ತೇವೆ. ಗುರುಪೂರ್ಣಿಮೆಗೆ ಬನ್ನಿ ಎಲ್ಲರೂ.

ಪಂಚಾಂಗದ ಹುಚ್ಚ, ಕೋಲಾರ

ಗಣೇಶ ಮತ್ತು ಮೈಕಿನ ವಿಷಯಕ್ಕೆ ಒಂದು ಸಮಾಧಾನದ ಸುದ್ದಿ ಕೊಡುತ್ತೇನೆ. 2023, 2024, 2025 ಮೂರೂ ವರ್ಷ ಗಣೇಶ ಚೌತಿ ಮತ್ತು ಈದ್ ಮಿಲಾದ್ ಒಂದರ ಹಿಂದೆ ಒಂದು ಬಂದವು. ವಿಸರ್ಜನೆ ಮೆರವಣಿಗೆ, ಮಿಲಾದ್ ಮೆರವಣಿಗೆ ಎರಡಕ್ಕೂ ಒಂದೇ ರಸ್ತೆ, ಅದೇ ಪೊಲೀಸರು. ಎಲ್ಲ ಊರಲ್ಲೂ ಬಿಗುವು ಇತ್ತು.

ಯಾಕೆ ಹಾಗಾಯಿತು ಅಂದರೆ ಎರಡೂ ಚಂದ್ರನ ಲೆಕ್ಕ. ಚೌತಿ ಭಾದ್ರಪದದ ನಾಲ್ಕನೇ ದಿನ. ಮಿಲಾದ್ ರಬೀ ಉಲ್ ಅವ್ವಲ್ ತಿಂಗಳ 12ನೇ ದಿನ. ಆ ಮೂರು ವರ್ಷ ಎರಡೂ ತಿಂಗಳು ಒಂದೇ ಅಮಾವಾಸ್ಯೆಗೆ ಶುರುವಾದವು, ಹಾಗಾಗಿ ಅಂತರ ಒಂಬತ್ತು ಹತ್ತು ದಿನ ಮಾತ್ರ. ನಮ್ಮ ಪಂಚಾಂಗ ಅಧಿಕ ಮಾಸ ಹಾಕಿ ಸೂರ್ಯನ ಜೊತೆ ಸರಿಮಾಡಿಕೊಳ್ಳುತ್ತದೆ, ಹಿಜ್ರಿ ಲೆಕ್ಕದಲ್ಲಿ ಅಧಿಕ ಮಾಸ ಇಲ್ಲ. 2026ರಲ್ಲಿ ಅಧಿಕ ಜ್ಯೇಷ್ಠ ಇದೆ. ಅದಕ್ಕೆ ಮಿಲಾದ್ ಆಗಸ್ಟ್ ಕೊನೆಗೆ, ಚೌತಿ ಸೆಪ್ಟೆಂಬರ್ 14ಕ್ಕೆ. ಇನ್ನು ಇವೆರಡೂ ಮತ್ತೆ ಜೊತೆಯಾಗುವುದಕ್ಕೆ ಸುಮಾರು 30 ವರ್ಷ ಬೇಕು. ಈಗ ಮಿಲಾದ್ ಬರುವುದು ವರಮಹಾಲಕ್ಷ್ಮಿ ಹಬ್ಬದ ಪಕ್ಕ. ಅದಕ್ಕೆ ಮೆರವಣಿಗೆ ಇಲ್ಲ, ಪುಣ್ಯಕ್ಕೆ. ಹೂವಿನ ರೇಟು ಮಾತ್ರ ಕೇಳಬೇಡಿ.

ನೇರ ಮಾತು, ಗೌರಿಬಿದನೂರು

ಇದು ಗೊತ್ತಿರಲಿಲ್ಲ. ಸರಿ, ಮೈಕಿನ ವಿಷಯ ಎಲ್ಲರಿಗೂ ಒಂದೇ ಟೈಮು ಇಟ್ಟರೆ ನನ್ನ ಅಭ್ಯಂತರ ಇಲ್ಲ. ಆದರೆ ಹಬ್ಬಕ್ಕೆ ಚಂದಾ ಕೊಡದವರು ಊಟಕ್ಕೆ ಮಾತ್ರ ಬರೋದು ಸರಿಯಲ್ಲ ಅನ್ನುವುದು ನನ್ನ ಮಾತು. ಅದನ್ನು ಬಿಡಲ್ಲ.

ಸಿಸ್ಟರ್ ಅಕ್ಕ, ಕೋಲಾರ

ಊಟದ ಮಾತು ಬಂತಲ್ಲ, ಈಗ ನಾನು ಮಾತಾಡಬಹುದು. ನಾನು ನರ್ಸ್, ಆಸ್ಪತ್ರೆ ಕ್ವಾರ್ಟರ್ಸ್‌ನಲ್ಲಿ ಬಹಳ ವರ್ಷ ಇದ್ದವಳು. ನೈಟ್ ಡ್ಯೂಟಿ ಮುಗಿಸಿ ಬಂದವರಿಗೆ ಯಾರ ಮನೆಯ ಕಾಫಿಯಾದರೂ ಸರಿ ಅನ್ನಿಸುತ್ತದೆ. ಆದರೆ ಒಟ್ಟಿಗೆ ಊಟ ಅಂದಾಗ ಪಾತ್ರೆ ಮುಖ್ಯ. ಎಲ್ಲರೂ ಒಟ್ಟಿಗೆ ಕೂರಲಿ ಅಂತ ಸುಮ್ನೆ ಕರೆದರೆ ಯಾರೂ ಬರಲ್ಲ. ಬಂದವರೂ ಬಾಳೆಹಣ್ಣು ತಿಂದು ಹೋಗುತ್ತಾರೆ.

ನಾವು ಹೀಗೆ ಮಾಡಿಕೊಂಡೆವು. ಸಸ್ಯಾಹಾರದ ಪಾತ್ರೆಗಳಿಗೆ ಹಿಡಿಯ ಹತ್ತಿರ ಹಸಿರು ಬಣ್ಣ ಬಳಿದಿದ್ದೆವು. ಅವು ಬೇರೆ ಬೀರುವಿನಲ್ಲಿ, ಬೇರೆ ಸೌಟು, ತೊಳೆಯುವ ನಾರು ಕೂಡ ಬೇರೆ. ಆ ಊಟ ಮೊದಲು ಬಡಿಸುವುದು, ಬೇರೆ ಮೇಜಿನಲ್ಲಿ. ಕೋಳಿ ತರುವುದಾದರೆ ಎಲ್ಲರೂ ತಿನ್ನಬಹುದಾದ ಅಂಗಡಿಯಿಂದ, ಅಂದರೆ ಹಲಾಲ್. ಅದಕ್ಕೆ ಒಪ್ಪದವರು ಇದ್ದ ವರ್ಷ ಕೋಳಿಯೇ ಬೇಡ, ಮೊಟ್ಟೆ ಅಂತ ಆಯಿತು. ಮಾಂಸ ತಿನ್ನುವವರಿಗೆ ಬೇಜಾರಾಯಿತು, ಆಗಲಿ. ಬಕ್ರೀದಿಗೆ ನಮ್ಮ ವಾರ್ಡಿನ ಆಯಾ ಮನೆಯಿಂದ ಸಸ್ಯಾಹಾರಿಗಳ ಮನೆಗೆ ಬೇಯಿಸಿದ್ದು ಏನೂ ಬರುತ್ತಿರಲಿಲ್ಲ. ಶಾವಿಗೆ, ಸಕ್ಕರೆ, ಗೋಡಂಬಿ, ದ್ರಾಕ್ಷಿ ಹಾಗೇ ಪೊಟ್ಟಣ ಕಟ್ಟಿ ಕಳಿಸುತ್ತಿದ್ದರು, ನೀವೇ ಮಾಡಿಕೊಳ್ಳಿ ಅಂತ. ಈ ಪದ್ಧತಿ ನಮ್ಮ ಕಡೆ ಹಳೆಯದು. ಮುಸ್ಲಿಮರ ಮದುವೆಗಳಲ್ಲಿ ಹಿಂದೂ ಸ್ನೇಹಿತರಿಗೆ ಅಂತಲೇ ಬೇರೆ ಅಡುಗೆಯವರನ್ನು ಕರೆಸುತ್ತಾರಲ್ಲ, ಹಾಗೆ.

ನೇರ ಮಾತು ತಮ್ಮ, ಚಂದಾ ಕೊಡದವರು ಊಟಕ್ಕೆ ಬಂದರೆ ಬರಲಿ ಬಿಡು. ಬಂದರಲ್ಲ.

ನೀಲಿ ಬಾವುಟ, ಮಾಲೂರು

ಅಕ್ಕ, ಹಸಿರು ಬಣ್ಣದ ಉಪಾಯ ಒಳ್ಳೆಯದು. ಮುಸ್ಲಿಮರ ಮದುವೆಯ ಬೇರೆ ಅಡುಗೆ ನಾನೂ ಉಂಡಿದ್ದೇನೆ. ಅದರಲ್ಲಿ ಮರ್ಯಾದೆ ಇದೆ. ಆದರೆ ನಮ್ಮ ಮನೆಯ ಮದುವೆಗೆ ನಾವೂ ಹಾಗೇ ಬೇರೆ ಅಡುಗೆಯವರನ್ನು ಕರೆಸುತ್ತೇವೆ. ಆದರೂ ಊರಿನವರು ಬಂದು ಮುಯ್ಯಿ ಕವರು ಕೊಟ್ಟು, ಫೋಟೋಗೆ ನಿಂತು, ಜ್ಯೂಸ್ ಬಾಟಲಿ ಹಿಡಿದುಕೊಂಡು ಹೋಗುತ್ತಾರೆ. ಸೀಲ್ ಆಗಿರುವುದು ಮಾತ್ರ ನಡೆಯುತ್ತದೆ. ನಮ್ಮಣ್ಣನ ಮದುವೆಯಲ್ಲಿ ಬಾಟಲಿ ಖಾಲಿ ಆಗಿ ಇನ್ನೆರಡು ಕೇಸು ತರಿಸಬೇಕಾಯಿತು. ಅನ್ನ ಮಿಕ್ಕಿತ್ತು.

ಅದಕ್ಕೇ ಕಾರ್ಯದರ್ಶಿಗಳಿಗೆ ನಾನು ಕೇಳಿದ ಸೌಟಿನ ಪ್ರಶ್ನೆಗೆ ಇನ್ನೂ ಉತ್ತರ ಬಂದಿಲ್ಲ.

ಲೇಔಟ್ ಕಾರ್ಯದರ್ಶಿ, ಚಿಂತಾಮಣಿ

ಭಾನುವಾರ ಸಭೆ ಮುಗಿಸಿ ಬಂದು ಬರೆಯುತ್ತಿದ್ದೇನೆ. ಎಲ್ಲರಿಗೂ ಥ್ಯಾಂಕ್ಸ್.

ಮೊದಲು ನೀಲಿ ಬಾವುಟ ಅವರಿಗೆ. ಗಣೇಶ ಸಮಿತಿಯಲ್ಲಿ ದಲಿತರು ಯಾರೂ ಇರಲಿಲ್ಲ. ‘ನಾವೇನು ಬೇಡ ಅಂದಿದ್ದೀವಾ?’ ಅಂತ ಸಭೆಯಲ್ಲಿ ಎಲ್ಲರೂ ಹೇಳಿದರು. ಕರೆದಿದ್ದೀರಾ ಅಂದರೆ ಉತ್ತರ ಇಲ್ಲ. ಕೊನೆಗೆ ಇಬ್ಬರನ್ನು ಸೇರಿಸಿದೆವು. ಅದರಲ್ಲಿ ಒಬ್ಬರು ಬ್ಯಾಂಕಿನಲ್ಲಿರುವವರು. ಅವರೇ ಎದ್ದು, ‘ಲೆಕ್ಕ ಬರೆಯೋಕೆ ನನ್ನನ್ನ ಹಾಕಬೇಡಿ, ಬಡಿಸೋಕೆ ಹಾಕಿ’ ಅಂದರು. ಸ್ವಲ್ಪ ಹೊತ್ತು ಯಾರೂ ಮಾತಾಡಲಿಲ್ಲ. ಬರೆದುಕೊಂಡಿದ್ದೇನೆ. ಆ ದಿನ ಎಷ್ಟು ಜನ ಎಲೆ ಮುಂದೆ ಕೂರುತ್ತಾರೆ ನೋಡಬೇಕು.

ದುಡ್ಡಿನ ವಿಷಯ ಸುಲಭವಾಗಿ ಮುಗಿಯಿತು. ನಿರ್ವಹಣೆ ಖಾತೆ ಬೇರೆ, ಹಬ್ಬದ ರಸೀದಿ ಬೇರೆ. ಹಬ್ಬದ್ದು ಇಷ್ಟವಿದ್ದವರು ಕೊಡುವುದು. ಯಾರು ಕೊಟ್ಟರು, ಯಾರು ಕೊಡಲಿಲ್ಲ ಅಂತ ವಾಟ್ಸಾಪ್‌ನಲ್ಲಿ ಪಟ್ಟಿ ಹಾಕುವ ಹಾಗಿಲ್ಲ. ಇದಕ್ಕೆ ಮಾತ್ರ ಒಬ್ಬರು ‘ಹಾಗಾದ್ರೆ ಯಾರೂ ಕೊಡಲ್ಲ’ ಅಂತ ಎದ್ದು ಹೋದರು. ತಮಾಷೆ ಅಂದರೆ ಸಭೆ ಮುಗಿದ ಮೇಲೆ ಮೊದಲ ರಸೀದಿ ಹರಿಸಿಕೊಂಡವರು ಗೂಡಿನ ವ್ಯಾಪಾರದ ಭಾಯ್. ಎರಡನೆಯವರು ಪ್ರಶ್ನೆ ಕೇಳಿದ ಮೇಷ್ಟ್ರು.

ಮೈಕು ರಾತ್ರಿ 10ಕ್ಕೆ ಬಂದ್. ಬಾಕ್ಸು ಲೇಔಟ್ ಒಳಗೆ ಮುಖ ಮಾಡಬೇಕು, ರಸ್ತೆ ಕಡೆಗಲ್ಲ. ಪರೀಕ್ಷೆ ಇರುವ ಮಕ್ಕಳ ಮನೆಯವರು ಹೇಳಿದರೆ ಅದಕ್ಕೂ ಮೊದಲೇ. ಇದೇ ನಿಯಮ ಮದುವೆ, ನಾಮಕರಣ, ಮಿಲಾದ್, ಕ್ರಿಸ್‌ಮಸ್ ಎಲ್ಲದಕ್ಕೂ. ಹಸಿರು ಬಣ್ಣದ ಪಾತ್ರೆ ಉಪಾಯ ಹೆಂಗಸರಿಗೆಲ್ಲ ಇಷ್ಟವಾಯಿತು.

ಬಾಡಿಗೆ ಬೋರ್ಡು ಅಲ್ಲೇ ಇದೆ. ಅದು ಸಂಘದ ವ್ಯಾಪ್ತಿಗೆ ಬರಲ್ಲ ಅಂತ ಹಾಕಿದವರು ಹೇಳಿದರು. ಕಾನೂನು ಪ್ರಕಾರ ಸರಿಯೇ ಇರಬಹುದು. ಮುಂದಿನ ಸಭೆಗೆ ಇಟ್ಟಿದ್ದೇವೆ, ಬಗೆಹರಿಯುತ್ತದೆ ಅನ್ನುವ ನಂಬಿಕೆ ನನಗಿಲ್ಲ.

ಮನೆ ಮಾಲೀಕ, ಚಿಕ್ಕಬಳ್ಳಾಪುರ

ರೀಲರ್ ತಮ್ಮನಿಗೆ: ತಾಯಿಯನ್ನು ಕೇಳಿದೆ. ಬರೆದುಕೊಡುವುದು ಎಲ್ಲ ಬೇಡ, ಹುಡುಗ ಏನು ಕೆಲಸ ಮಾಡುತ್ತಾನೆ, ಮದುವೆ ಆಗಿದೆಯಾ ಅಂತ ಕೇಳಿದರು. ಸದ್ಯಕ್ಕೆ ಮನೆ ಖಾಲಿ ಇಲ್ಲ. ಅದೂ ನಿಜ.

ರೀಲರ್ ಮಗ, ಶಿಡ್ಲಘಟ್ಟ

ಮದುವೆ ಇನ್ನೂ ಆಗಿಲ್ಲ ಅಂತ ಹೇಳಿ ಸರ್. ಅದಕ್ಕೂ ಮನೆ ಸಿಗಲ್ಲ, ಬ್ಯಾಚುಲರ್!

ಲೇಔಟ್ ಕಾರ್ಯದರ್ಶಿ, ಚಿಂತಾಮಣಿ

ಇನ್ನೊಂದು ಸಹಾಯ. ಎರಡು ಬಣ್ಣದ ರಸೀದಿ ಪುಸ್ತಕ ಅಚ್ಚು ಹಾಕಿಸಬೇಕು, ನಿರ್ವಹಣೆಗೆ ಬಿಳಿ, ಹಬ್ಬಕ್ಕೆ ಹಳದಿ. ಚೇಳೂರು ರಸ್ತೆ ಕಡೆ ಕಡಿಮೆಗೆ ಮಾಡಿಕೊಡುವವರು ಇದ್ದರೆ ಹೇಳಿ.

ಕಿರಾಣಿ ಅಂಗಡಿ, ಚಿಂತಾಮಣಿ

ಟೊಮೆಟೊ ಮಂಡಿಗೆ ಬಿಲ್ ಬುಕ್ ಮಾಡಿಕೊಡುವವರನ್ನು ಕೇಳಿ. ನೂರು ಪುಸ್ತಕಕ್ಕಿಂತ ಕಡಿಮೆ ಅಂದರೆ ಒಪ್ಪಲ್ಲ, ಪಕ್ಕದ ಲೇಔಟಿನವರನ್ನೂ ಸೇರಿಸಿಕೊಳ್ಳಿ.